ಪರದೆಯ ಅಂಚಿನಾಚೆ ಉಳಿದ ರಾಮನಗರ

ಈ ಸಲ ಯುಗಾದಿಗೆ ಮನೆಯ ಧೂಳು ಹೊಡೆಯುವಾಗ ನಿಮ್ಮ ಅಮ್ಮ ಅಟ್ಟದ ಮೇಲಿಂದ ಒಂದು ರಟ್ಟಿನ ಪೆಟ್ಟಿಗೆ ಇಳಿಸಿ, "ಇದನ್ನ ರದ್ದಿಯವನಿಗೆ ಹಾಕಿಬಿಡೋಣವೇ?" ಎಂದು ಕೇಳಿರಬಹುದು. ನೀವು ಮೊಬೈಲಿನಿಂದ ತಲೆ ಎತ್ತದೆ "ಹೂಂ" ಎಂದಿರಲೂಬಹುದು. ಆ ಪೆಟ್ಟಿಗೆಯಲ್ಲಿದ್ದದ್ದು, ನಿಮ್ಮ ಅಪ್ಪ ಬೆಂಗಳೂರಿಗೋ ಹುಬ್ಬಳ್ಳಿಗೋ ಹೋದಾಗಲೆಲ್ಲ ಬಸ್ ಸ್ಟ್ಯಾಂಡಿನ ಪಕ್ಕದ ಅಂಗಡಿಯಿಂದ ಕೊಂಡು ತಂದ ಸಿನಿಮಾ ವಿಸಿಡಿಗಳು, ಒಂದಿಷ್ಟು ಡಿವಿಡಿಗಳು, ಬೂಷ್ಟು ಹಿಡಿದ ನಾಲ್ಕಾರು ವಿಎಚ್‌ಎಸ್ ಕ್ಯಾಸೆಟ್ಟುಗಳು.

ನಮ್ಮ ಮನೆಯಲ್ಲಿಯೂ ಇದೇ ನಡೆಯಿತು. ಪೆಟ್ಟಿಗೆ ಬಾಗಿಲವರೆಗೆ ಹೋಗಿಯೂ ಆಗಿತ್ತು. ಅದನ್ನು ತಡೆದವನು ಸಂಘದ ವಂತಿಗೆ ಕೇಳಲು ಬಂದಿದ್ದ ಒಬ್ಬ ಹುಡುಗ. ನಾಸಿಕದಲ್ಲೇ ಹುಟ್ಟಿ ಬೆಳೆದವನು, ಸಾತಪುರದ ಕಡೆ ಒಂದು ಕಾರ್ಖಾನೆಯಲ್ಲಿ ಇಂಜಿನಿಯರು. ಕನ್ನಡ ಮಾತನಾಡುತ್ತಾನೆ, ಆದರೆ ಎರಡು ಮಾತಿಗೊಂದು ಮರಾಠಿ ಪದ ಬಂದು ಕೂರುತ್ತದೆ. ಪೆಟ್ಟಿಗೆಗೆ ಕೈಹಾಕಿ ಒಂದು ಡಿವಿಡಿ ಎತ್ತಿದವನೇ, "ಕಾಕೂ, ಇದು ಕಚರಾ ಅಲ್ಲ. ಇದು ಓಪನ್ ಮ್ಯಾಟ್ ಶೋಲೆ!" ಎಂದು ಕೂಗಿದ.

ನಾನು ಇಂಗ್ಲಿಷ್ ಸಾಹಿತ್ಯದಲ್ಲಿ ಬಿ.ಎ. ಮಾಡಿದವಳು. ನಮಗೆ ಷೇಕ್ಸ್‌ಪಿಯರನನ್ನು ಓದಿಸಿದರು, ವರ್ಡ್ಸ್‌ವರ್ತ್‌ನನ್ನು ಓದಿಸಿದರು. ಮ್ಯಾಟ್ ಎಂದರೆ ಮಾತ್ರ ನನಗೆ ಆವತ್ತಿನವರೆಗೂ ಬಾಗಿಲಲ್ಲಿ ಹಾಸುವ ಕಾಲೊರಸು. ಚಪ್ಪಲಿ ಬಿಟ್ಟು ಒಳಗೆ ಬಾ ಎಂದು ಕೂರಿಸಿ, ಕಾಫಿ ಕೊಟ್ಟು, ಬಿಡಿಸಿ ಹೇಳು ಎಂದೆ. ಅವನು ಹೇಳಿದ್ದನ್ನೂ, ಆಮೇಲೆ ನಾನೇ ಓದಿ ತಿಳಿದುಕೊಂಡದ್ದನ್ನೂ ಸೇರಿಸಿ ನಿಮಗೆ ಹೇಳುತ್ತೇನೆ. ನಿಮ್ಮಲ್ಲಿ ಕೆಲವರಿಗೆ ಇದು ಗೊತ್ತಿರಬಹುದು. ಗೊತ್ತಿದ್ದವರು ನನ್ನ ತಪ್ಪು ಹುಡುಕುತ್ತಾ ಓದಿ.

ಮೊದಲು ನಮ್ಮ ಮದುವೆ ಫೋಟೊದ ಸಂಗತಿ. ಆ ಕಾಲದಲ್ಲಿ ಫೋಟೊಗೆ ಕಟ್ಟು ಹಾಕಿಸುವಾಗ ಗಾಜಿನ ಒಳಗೆ, ಚಿತ್ರದ ಸುತ್ತ ಒಂದು ಬಿಳಿಯ ರಟ್ಟನ್ನು ಕಿಟಕಿಯಂತೆ ಕತ್ತರಿಸಿ ಕೂರಿಸುತ್ತಿದ್ದರು. ಮೂವತ್ತು ವರ್ಷ ಆ ಕಿಟಕಿಯೊಳಗೆ ನಾವಿಬ್ಬರೇ ಬಾಸಿಂಗ ಕಟ್ಟಿಕೊಂಡು ಗಂಭೀರವಾಗಿ ನಿಂತಿದ್ದೆವು. ಒಮ್ಮೆ ಗಾಜು ಒಡೆದು, ರಟ್ಟು ತೆಗೆದಾಗ ನೋಡಿದರೆ ಮೇಲ್ಗಡೆ ಹರಿದ ಶಾಮಿಯಾನ, ಕೆಳಗೆ ಫೋಟೊಗ್ರಾಫರನ ಹುಡುಗನೊಬ್ಬ ಲೈಟಿನ ವೈರು ಹಿಡಿದು ಕುಕ್ಕರುಗಾಲಿನಲ್ಲಿ ಕುಳಿತಿದ್ದಾನೆ! ಮೂವತ್ತು ವರ್ಷವೂ ಅವನು ಅಲ್ಲೇ ಇದ್ದ. ಈ ರಟ್ಟಿಗೆ ಸಿನಿಮಾದವರು ಇಟ್ಟ ಹೆಸರೇ ಮ್ಯಾಟ್. ರಟ್ಟು ತೆಗೆದು ತೋರಿಸಿದರೆ ಅದು ಓಪನ್ ಮ್ಯಾಟ್.

ಸಿನಿಮಾದಲ್ಲಿ ಆ ರಟ್ಟು ಯಾಕೆ ಬಂತು? 35 ಎಂ.ಎಂ. ಫಿಲಂ ಸುರುಳಿಯ ಎರಡೂ ಅಂಚಿನಲ್ಲಿ ಸಣ್ಣ ತೂತುಗಳಿರುತ್ತವೆ. ನಾಲ್ಕು ತೂತಿನ ಎತ್ತರಕ್ಕೆ ಒಂದು ಚಿತ್ರ. ಮೂಕಿ ಚಿತ್ರಗಳ ಕಾಲದಲ್ಲಿ ಈ ಚೌಕಟ್ಟು ಸುಮಾರು 24 ಮಿ.ಮೀ. ಅಗಲ, 18 ಮಿ.ಮೀ. ಎತ್ತರ, ಅಂದರೆ 4:3, ಅಥವಾ 1.33. ನಮ್ಮ ತ್ರ್ಯಂಬಕೇಶ್ವರದಲ್ಲಿ 1870ರಲ್ಲಿ ಹುಟ್ಟಿದ ದಾದಾಸಾಹೇಬ್ ಫಾಲ್ಕೆಯವರು 1913ರಲ್ಲಿ 'ರಾಜಾ ಹರಿಶ್ಚಂದ್ರ' ತೆಗೆದದ್ದು ಇದೇ ಚೌಕಟ್ಟಿನಲ್ಲಿ. ಆಮೇಲೆ ಮಾತು ಬಂತು. ಫಿಲಮ್ಮಿನ ಒಂದು ಪಕ್ಕದಲ್ಲಿ ಧ್ವನಿಯ ಪಟ್ಟಿಗೂ ಜಾಗ ಬೇಕಾಯಿತು. 1932ರ ಹೊತ್ತಿಗೆ 1.37 ಎಂಬ ಅಳತೆ ನೆಲೆಯಾಯಿತು. ಎತ್ತರ ಒಂದು ಅಡಿಯಾದರೆ ಅಗಲ ಒಂದು ಅಡಿ ನಾಲ್ಕೂವರೆ ಅಂಗುಲ ಎಂದಿಟ್ಟುಕೊಳ್ಳಿ. ರಾಜಕುಮಾರ್ ಅವರ ಕಪ್ಪು ಬಿಳುಪು ಚಿತ್ರಗಳನ್ನು ನೀವು ನೋಡಿದ್ದರೆ ಆ ಹೆಚ್ಚುಕಡಿಮೆ ಚೌಕವಾದ ಆಕಾರ ನಿಮಗೆ ಗೊತ್ತು.

ಮುಂದೆ ಅಮೆರಿಕದಲ್ಲಿ ಮನೆಮನೆಗೆ ಟಿವಿ ಬಂತು. ಅದೂ ಅದೇ ಆಕಾರದ್ದು. ಮನೆಯಲ್ಲೇ ಪುಕ್ಕಟೆ ಸಿಗುವುದಕ್ಕೆ ಜನ ಟಾಕೀಸಿಗೇಕೆ ಬಂದಾರು? ಟಿವಿ ಕೊಡಲಾರದ್ದನ್ನು ಕೊಡಬೇಕು ಎಂದು ಸಿನಿಮಾದವರು ಪರದೆಯನ್ನು ಅಗಲ ಮಾಡಿದರು. 1953ರಲ್ಲಿ 'ದ ರೋಬ್' ಸಿನೆಮಾಸ್ಕೋಪಿನಲ್ಲಿ ಬಂತು. ಅದಕ್ಕೆ ವಿಶೇಷ ಲೆನ್ಸು ಬೇಕು, ಖರ್ಚು ಬೇಕು. ಖರ್ಚಿಲ್ಲದ ದಾರಿಯೂ ಒಂದಿತ್ತು. ಪ್ರೊಜೆಕ್ಟರಿನ ಕಿಂಡಿಗೆ ಮೇಲೆ ಕೆಳಗೆ ಮರೆಮಾಡುವ ಒಂದು ಲೋಹದ ತಗಡು ಕೂರಿಸಿದರಾಯಿತು, ಉಳಿದ ಭಾಗವನ್ನು ಹಿಗ್ಗಿಸಿದರೆ ಅಗಲ ಚಿತ್ರ! ಅದೇ ವರ್ಷದ 'ಶೇನ್' ಚಿತ್ರವನ್ನು ಹಳೆಯ ಚೌಕಟ್ಟಿಗೆ ತೆಗೆದಿದ್ದರೂ ಹೀಗೆ ತಲೆ ಕಾಲು ಮರೆಮಾಡಿ 1.66ರ ಅಗಲದಲ್ಲಿ ತೋರಿಸಿದರು. ಆಮೇಲೆ 1.85 ಎಂಬುದು ಅಲ್ಲಿ ರೂಢಿಯಾಯಿತು. ಆ ಅಳತೆಗೆ ಫಿಲಮ್ಮಿನ ಮೇಲಿರುವ ಚಿತ್ರದ ಎತ್ತರದಲ್ಲಿ ಕಾಲು ಭಾಗ ತಗಡಿನ ಹಿಂದೆ ಅಡಗುತ್ತದೆ. ಕ್ಯಾಮೆರಾ ಕಂಡದ್ದನ್ನು ನೀವು ಕಾಣುವುದಿಲ್ಲ.

ಆ ತಗಡಿನ ಹಿಂದೆ ಏನಿರುತ್ತದೆ ಎಂಬುದು ನಮ್ಮ ಊರಿನ ಟೆಂಟ್ ಸಿನಿಮಾದವರಿಗೆ ಚೆನ್ನಾಗಿ ಗೊತ್ತಿತ್ತು. ಆಪರೇಟರ್ ಚೌಕಟ್ಟು ಸರಿಯಾಗಿ ಕೂರಿಸದಿದ್ದರೆ ನಾಯಕನ ತಲೆಯ ಮೇಲೆ ಮೈಕು ತೂಗಾಡುತ್ತಿತ್ತು, ಅರಮನೆಯ ಗೋಡೆ ಅರ್ಧಕ್ಕೇ ಮುಗಿದು ಅದರಾಚೆ ಬಿದಿರಿನ ಗಳ ಕಾಣುತ್ತಿತ್ತು. ಮುಂದೆ ಕುಳಿತವರು ಶಿಳ್ಳೆ ಹೊಡೆದು "ಏಯ್, ಫ್ರೇಮು!" ಎಂದು ಕಿರುಚುವವರೆಗೂ ಅದು ಹಾಗೇ ಇರುತ್ತಿತ್ತು. ನಮಗೆ ಅದು ಪುಕ್ಕಟೆ ಮನರಂಜನೆ.

ವಿಡಿಯೊ ಕ್ಯಾಸೆಟ್ಟಿನ ಕಾಲ ಬಂದಾಗ ಕಥೆ ತಿರುಗಿತು. ಟಿವಿಯ ಪರದೆ 4:3. ಅಗಲ ಚಿತ್ರವನ್ನು ಅದರಲ್ಲಿ ತುಂಬಿಸುವುದು ಹೇಗೆ? ಸಿನೆಮಾಸ್ಕೋಪ್ ಚಿತ್ರವಾದರೆ ಎಡಬಲಗಳನ್ನು ಕತ್ತರಿಸಬೇಕು, 2.35 ಅಗಲದ ಚಿತ್ರದಲ್ಲಿ ನೂರಕ್ಕೆ ನಲವತ್ತಕ್ಕಿಂತ ಹೆಚ್ಚು ಪಾಲು ಹೋಗುತ್ತದೆ. ಇಬ್ಬರು ಎದುರುಬದುರು ನಿಂತು ಜಗಳವಾಡುತ್ತಿದ್ದರೆ ನಿಮಗೆ ಕಾಣುವುದು ನಡುವಿನ ಹೂದಾನಿ. ಆದರೆ ತಗಡು ಕೂರಿಸಿ ಅಗಲ ಮಾಡಿದ ಚಿತ್ರವಾದರೆ ಕತ್ತರಿಸುವುದೇ ಬೇಡ, ತಗಡು ತೆಗೆದರೆ ಸಾಕು, ಪರದೆ ತಾನಾಗಿ ತುಂಬುತ್ತದೆ. ಹೀಗೆ ಟಾಕೀಸಿನಲ್ಲಿ ಕಾಣದ ಆಕಾಶ, ಕಾಣದ ನೆಲ ಮನೆಯ ಟಿವಿಯಲ್ಲಿ ಕಂಡವು. ಕಪ್ಪು ಪಟ್ಟಿ ಇರಬಾರದು ಎಂಬ ಒಂದೇ ಕಾರಣಕ್ಕೆ ಮಾಡಿದ ಕೆಲಸ ಇದು. ಪಟ್ಟಿಯ ಬಗ್ಗೆ ಜನರಿಗೆ ಎಷ್ಟು ಸಿಟ್ಟಿತ್ತೆಂದು ನಿಮಗೆ ಗೊತ್ತಿಲ್ಲ. ನಮ್ಮ ಅತ್ತೆಯವರು ಮೇಲಿನ ಪಟ್ಟಿ ನೋಡಿ, ಟಿವಿ ಕೆಟ್ಟಿದೆ, ಮೆಕ್ಯಾನಿಕ್ಕನ್ನು ಕರೆಸು ಎಂದಿದ್ದರು.

ಈಗ ನಿಮ್ಮ ಟಿವಿಗಳು 16:9. ಹೊಸ ಡಿಸ್ಕುಗಳೂ, ಮೊಬೈಲಿನಲ್ಲಿ ಹಣ ಕಟ್ಟಿ ನೋಡುವ ಚಿತ್ರಗಳೂ ಬಹುಮಟ್ಟಿಗೆ ಟಾಕೀಸಿನ ಅಗಲದಲ್ಲೇ ಬರುತ್ತವೆ. ಹಾಗಾಗಿ ತಗಡು ತೆಗೆದ ಹಳೆಯ ಪ್ರತಿಗಳು ಅಪರೂಪವಾದವು, ಅಪರೂಪವಾದದ್ದಕ್ಕೆ ಬೆಲೆ ಬಂತು. ಜಗತ್ತಿನಲ್ಲಿ ಇವನ್ನೇ ಹುಡುಕಿ ಕೂಡಿಡುವವರಿದ್ದಾರೆ. ಹಳೆಯ ಲೇಸರ್ ಡಿಸ್ಕು, ಕ್ಯಾಸೆಟ್ಟು, ಎಂದೋ ಟಿವಿಯಲ್ಲಿ ಬಂದಾಗ ಹಿಡಿದಿಟ್ಟ ಪ್ರತಿ, ಎಲ್ಲವೂ ಅವರಿಗೆ ಬೇಕು. ಅದೇನು ಹುಚ್ಚು ಎನ್ನಬೇಡಿ. ಅಂಚೆಚೀಟಿ ಕೂಡಿಡುವವರಿಗೆ ತಪ್ಪಾಗಿ ಅಚ್ಚಾದ ಚೀಟಿಯೇ ಹೆಚ್ಚು ಪ್ರಿಯ ಅಲ್ಲವೇ?

ತಪ್ಪುಗಳ ಮಾತು ಬಂತಲ್ಲ. ಟಿಮ್ ಬರ್ಟನ್ ಅವರ 1985ರ 'ಪೀ-ವೀಸ್ ಬಿಗ್ ಅಡ್ವೆಂಚರ್' ಎಂಬ ಹಾಸ್ಯ ಚಿತ್ರದಲ್ಲಿ ನಾಯಕ ಸೈಕಲ್ಲಿನ ಪುಟ್ಟ ಪೆಟ್ಟಿಗೆಯಿಂದ ಸರಪಳಿ ಎಳೆಯುತ್ತಾನೆ. ಎಳೆದಷ್ಟೂ ಬರುತ್ತದೆ, ಜನ ನಗುತ್ತಾರೆ. ತಗಡು ತೆಗೆದ ಪ್ರತಿಯಲ್ಲಿ ಆ ಸರಪಳಿ ಕೆಳಗಿನಿಂದ ಪೆಟ್ಟಿಗೆಯೊಳಕ್ಕೆ ಸರಿಯುವುದು ಕಾಣಿಸಿ ನಗೆಯೇ ಸತ್ತುಹೋಯಿತು. ಸ್ಟ್ಯಾನ್ಲಿ ಕುಬ್ರಿಕ್ ಅವರ 'ದ ಶೈನಿಂಗ್' ಚಿತ್ರದ ಆರಂಭದಲ್ಲಿ ಬೆಟ್ಟದ ದಾರಿಯನ್ನು ಆಕಾಶದಿಂದ ತೋರಿಸುತ್ತಾರೆ. ಅಲ್ಲಿ ಚಿತ್ರೀಕರಣದ ಹೆಲಿಕಾಪ್ಟರಿನ ಸುಳಿವು ಸಿಕ್ಕಿತೆಂದು ಸಂಗ್ರಾಹಕರು ಇಂದಿಗೂ ಸಂಭ್ರಮಿಸುತ್ತಾರೆ. ಕುಬ್ರಿಕ್ ತಾವೇ ಮನೆಯ ವಿಡಿಯೊಗೆ ಪೂರ್ಣ ಚೌಕಟ್ಟನ್ನು ಒಪ್ಪಿದ್ದವರು ಎಂಬುದನ್ನೂ ನೆನಪಿಡಿ. ಜೇಮ್ಸ್ ಕ್ಯಾಮೆರಾನ್ ಅವರದು ಇನ್ನೊಂದು ಬಗೆ. 1991ರ 'ಟರ್ಮಿನೇಟರ್ 2', 1997ರ 'ಟೈಟಾನಿಕ್' ಎರಡನ್ನೂ ಸೂಪರ್ 35 ಎಂಬ ವಿಧಾನದಲ್ಲಿ ತೆಗೆದರು. ಫಿಲಮ್ಮಿನ ಅಗಲವನ್ನೆಲ್ಲ ಬಳಸಿ ಚಿತ್ರ ತೆಗೆದು, ಟಾಕೀಸಿಗೆ ಅದರಿಂದ ಅಗಲದ ಪಟ್ಟಿಯೊಂದನ್ನು ಆರಿಸಿಕೊಳ್ಳುವುದು, ಟಿವಿಗೆ ಮೇಲೆ ಕೆಳಗೆ ಬಿಚ್ಚುವುದು. ಇಷ್ಟು ಬೇಕೆಂದೇ ಮಾಡಿದವರ ಪ್ರತಿಗೂ, ತಗಡು ಮರೆತವರ ಪ್ರತಿಗೂ ವ್ಯತ್ಯಾಸವಿದೆ.

ಈಗ ನಮ್ಮ ಶೋಲೆಗೆ ಬರೋಣ. 'ನಮ್ಮ' ಎಂದು ಸುಮ್ಮನೆ ಹೇಳಲಿಲ್ಲ. ಆ ಚಿತ್ರದ ರಾಮಗಢ ನಿಮಗೆ ಉತ್ತರ ಪ್ರದೇಶವೋ ಮಧ್ಯಪ್ರದೇಶವೋ ಎನಿಸಿರಬಹುದು. ಅದು ನಮ್ಮ ರಾಮನಗರ. ಆಗ ಅದು ಬೆಂಗಳೂರು ಜಿಲ್ಲೆಯಲ್ಲಿತ್ತು. 1973ರ ಅಕ್ಟೋಬರಿನಲ್ಲಿ ಅಲ್ಲಿ ಚಿತ್ರೀಕರಣ ಶುರುವಾಯಿತು. ಹೆದ್ದಾರಿಯಿಂದ ಬಂಡೆಗಳ ಬುಡದವರೆಗೆ ಹೊಸದಾಗಿ ರಸ್ತೆ ಹಾಕಿದರು. ಕಲಾ ನಿರ್ದೇಶಕ ರಾಮ್ ಯೇಡೇಕರ್ ಇಡೀ ಒಂದು ಊರನ್ನೇ ಕಟ್ಟಿದರು. ಒಂದು ಭಾಗಕ್ಕೆ ಜನ ಸಿಪ್ಪಿ ನಗರ ಎಂದೇ ಕರೆದರು. 1975ರ ಆಗಸ್ಟ್ 15ರಂದು ಚಿತ್ರ ತೆರೆ ಕಂಡಿತು.

ಶೋಲೆ 70 ಎಂ.ಎಂ. ಚಿತ್ರ ಎಂದು ಪೋಸ್ಟರುಗಳು ಸಾರಿದವು. ಆದರೆ 70 ಎಂ.ಎಂ. ಕ್ಯಾಮೆರಾ ದುಬಾರಿ. ಹಾಗಾಗಿ ನಿರ್ದೇಶಕ ರಮೇಶ್ ಸಿಪ್ಪಿ, ಛಾಯಾಗ್ರಾಹಕ ದ್ವಾರಕಾ ದಿವೇಚಾ 35 ಎಂ.ಎಂ. ಫಿಲಮ್ಮಿನಲ್ಲೇ, 4:3 ಚೌಕಟ್ಟಿನಲ್ಲೇ ಚಿತ್ರೀಕರಿಸಿ, ಆಮೇಲೆ ಅದನ್ನು 2.20 ಅಗಲಕ್ಕೆ ತಂದು 70 ಎಂ.ಎಂ.ಗೆ ಹಿಗ್ಗಿಸಿದರು. ದಿವೇಚಾ ಕ್ಯಾಮೆರಾದ ಗಾಜಿನ ಮೇಲೆ ಮೇಲಂಚು ಕೆಳಂಚಿನ ಗೆರೆಗಳನ್ನು ಗುರುತು ಮಾಡಿಸಿಕೊಂಡು, ಗೆರೆಯೊಳಗೆ ಚಿತ್ರ ಕೂರುವಂತೆ ನೋಡಿಕೊಳ್ಳುತ್ತಿದ್ದರು. ಲೆಕ್ಕ ಹಾಕಿ ನೋಡಿ, 4:3ರ ಚಿತ್ರವನ್ನು 2.20 ಮಾಡಿದರೆ ಎತ್ತರದಲ್ಲಿ ನೂರಕ್ಕೆ ಸುಮಾರು ನಲವತ್ತು ಪಾಲು ಬಿಟ್ಟುಹೋಗುತ್ತದೆ. ಕ್ಯಾಮೆರಾ ಕಂಡ ರಾಮನಗರದಲ್ಲಿ ಐದರಲ್ಲಿ ಎರಡು ಪಾಲನ್ನು 70 ಎಂ.ಎಂ. ಪರದೆ ಯಾರಿಗೂ ತೋರಿಸಲೇ ಇಲ್ಲ. ವಿದೇಶಕ್ಕೆಂದು ಬಂದ ಕೆಲವು ಡಿವಿಡಿಗಳಲ್ಲಿ ಮಾತ್ರ, 204 ನಿಮಿಷದ ಉದ್ದನೆಯ ಪ್ರತಿಯೊಂದಿಗೆ, ಆ 4:3 ಚೌಕಟ್ಟು ಕತ್ತರಿಸದೆ ಉಳಿಯಿತು. ನಮ್ಮ ಯಜಮಾನರ ಅಣ್ಣ ದುಬೈಯಿಂದ ಬರುವಾಗ ಖರ್ಜೂರದ ಜೊತೆ ತಂದುಕೊಟ್ಟಿದ್ದು ಅಂಥದೊಂದು. ಹದಿನೈದು ವರ್ಷ ಅಟ್ಟದ ಮೇಲಿತ್ತು.

ನನ್ನ ತಾಯಿಯ ತವರು ರಾಮನಗರದ ಪಕ್ಕದ ಒಂದು ಹಳ್ಳಿ. ನನ್ನ ಸೋದರಮಾವ, ಅಮ್ಮನ ತಮ್ಮ, ಆ ಎರಡು ವರ್ಷ ಶೋಲೆಯ ಸೆಟ್ಟಿನಲ್ಲಿ ದಿನಗೂಲಿ ಮಾಡಿದವರು. ಮಣ್ಣು ಹೊತ್ತರು, ಗಳ ಕಟ್ಟಿದರು, ಕುದುರೆಗಳಿಗೆ ನೀರು ಕುಡಿಸಿದರು. ಒಮ್ಮೆ ಊರವರ ಗುಂಪಿನಲ್ಲಿ ನಿಲ್ಲು ಎಂದರಂತೆ, ನಿಂತರಂತೆ. ಚಿತ್ರ ಬಂದ ಮೇಲೆ ಎಷ್ಟು ಸಲ ನೋಡಿದರೂ ಅವರು ಕಾಣಲಿಲ್ಲ. "ಕ್ಯಾಮೆರಾದಲ್ಲಿ ನಾನು ಬಿದ್ದಿದ್ದೀನಿ ಕಣವ್ವ, ಆ ಅಗಲ ಪರದೆ ನನ್ನ ತಲೆ ಹಾರಿಸಿಬಿಡ್ತು" ಎಂದು ಸಾಯುವವರೆಗೂ ಹೇಳುತ್ತಿದ್ದರು. ನಾವೆಲ್ಲ ನಗುತ್ತಿದ್ದೆವು. ಈಗ ಈ ಹುಡುಗ ಬಂದು, ಪರದೆ ನಿಜಕ್ಕೂ ತಲೆ ಹಾರಿಸಿತ್ತು ಎನ್ನುತ್ತಿದ್ದಾನೆ!

ಅಮ್ಮ ಈಗ ನಮ್ಮೊಂದಿಗಿದ್ದಾರೆ. ವಯಸ್ಸು ಎಂಬತ್ತು ದಾಟಿದೆ. ತಮ್ಮನ ಒಂದೇ ಒಂದು ಫೋಟೊ ಅವರ ಹತ್ತಿರವಿಲ್ಲ. ಹಳ್ಳಿಯ ಮನೆ ಬಿದ್ದಾಗ ಇದ್ದದ್ದೂ ಹೋಯಿತು. ಸಂಗತಿ ಕೇಳಿದವರೇ ಕನ್ನಡಕ ಒರೆಸಿಕೊಂಡು ಟಿವಿ ಮುಂದೆ ಕುಳಿತುಬಿಟ್ಟರು. ಹುಡುಗ ತನ್ನ ಹಳೆಯ ಪ್ಲೇಯರ್ ತಂದು ಜೋಡಿಸಿದ. ಪರದೆಯ ಎಡಬಲಕ್ಕೆ ಕಪ್ಪು ಪಟ್ಟಿ, ನಡುವೆ ಚೌಕದಂಥ ಚಿತ್ರ. ಮೂರು ದಿನ, ದಿನಕ್ಕೆ ಒಂದು ಗಂಟೆಯಂತೆ, ನಿಲ್ಲಿಸಿ ನಿಲ್ಲಿಸಿ ನೋಡಿದೆವು. ಗುಂಪು ಬಂದಲ್ಲೆಲ್ಲ ಹುಡುಗ ಚಿತ್ರ ತಡೆದು ಹಿಡಿಯುತ್ತಿದ್ದ, ಅಮ್ಮ ಎದ್ದುಹೋಗಿ ಪರದೆಗೆ ಮೂಗು ತಾಗಿಸಿ ಒಂದೊಂದು ಮುಖವನ್ನೂ ನೋಡುತ್ತಿದ್ದರು. ಠಾಕೂರರ ಶಾಲಿನ ಕೆಳಗೆ ಕೈ ಕಂಡೀತೇನೋ ಎಂದು ನಾನು ಬೇರೆಯೇ ಹುಡುಕಾಟದಲ್ಲಿದ್ದೆ, ಅದು ಇರಲಿ.

ಮಾವ ಸಿಗಲಿಲ್ಲ. ಕೆಳಂಚಿನಲ್ಲಿ ಒಂದು ಕಡೆ ಬರಿಯ ರುಮಾಲು, ಇನ್ನೊಂದು ಕಡೆ ಬೆನ್ನು. "ಇವನಲ್ಲ" ಎಂದರು ಅಮ್ಮ. ಆದರೆ ಅವರು ಬೇರೆ ಏನನ್ನೋ ನೋಡತೊಡಗಿದ್ದರು. ಬಂಡೆಯ ಬುಡದಲ್ಲಿ ಕುರುಚಲು ಗಿಡ, ಗಿಡದ ನಡುವೆ ಕಾಲುದಾರಿ, ಮೇಲ್ಗಡೆ ಬಂಡೆಯ ನೆತ್ತಿ, ಅದರ ಮೇಲೂ ಅಷ್ಟು ಬಿಸಿಲಿನ ಆಕಾಶ. "ಈ ದಾರೀಲೇ ನಾವು ಸೌದೆಗೆ ಹೋಗ್ತಿದ್ದದ್ದು" ಎಂದರು. ಗಬ್ಬರ್ ಸಿಂಗ್ ಏನು ಹೇಳುತ್ತಿದ್ದಾನೆಂಬುದರ ಕಡೆ ಅವರ ಗಮನವೇ ಇಲ್ಲ. ಆಮೇಲೆ ಮಾತೆಲ್ಲ ತಮ್ಮನ ಮೇಲೆಯೇ ತಿರುಗಿತು. ಅವನು ಎಲ್ಲಿ ಜಾರಿಬಿದ್ದ, ಎಲ್ಲಿ ಜೇನು ಬಿಡಿಸಿದ, ಎಲ್ಲ. ನಾನು ಐವತ್ತು ವರ್ಷದಲ್ಲಿ ಕೇಳದ ಸಂಗತಿಗಳು.

ಇಷ್ಟು ಹೇಳಿದ ಮೇಲೆ ನಾನು ಓಪನ್ ಮ್ಯಾಟ್‌ನ ಪಕ್ಷಪಾತಿ ಎಂದು ನೀವು ತಿಳಿಯಬಹುದು. ಹಾಗಲ್ಲ. ಹುಡುಗನಿಗೂ ನನಗೂ ಈ ವಿಷಯದಲ್ಲಿ ದೊಡ್ಡ ವಾದವೇ ಆಯಿತು. ಅವನ ಮಾತು, ಹೆಚ್ಚು ಚಿತ್ರ ಕಂಡರೆ ಹೆಚ್ಚು ಒಳ್ಳೆಯದು. ಫಿಲಮ್ಮಿನ ಮೇಲೆ ಇದ್ದದ್ದನ್ನು ಬಚ್ಚಿಡುವುದೇಕೆ? ನಾನು ಅವನನ್ನು ವೇರೂಳಕ್ಕೆ, ಅಂದರೆ ಎಲ್ಲೋರಕ್ಕೆ, ಕರೆದುಕೊಂಡು ಹೋದೆ, ಮಾತಿನಲ್ಲಿ ಮಾತ್ರ. ಸಂಭಾಜಿನಗರದ ಓದುಗರು ನೂರು ಸಲ ನೋಡಿರುವ 16ನೇ ಗುಹೆ, ಕೈಲಾಸ. ನಮ್ಮ ಮಳಖೇಡದ ರಾಷ್ಟ್ರಕೂಟರು, 8ನೇ ಶತಮಾನದಲ್ಲಿ, ಒಂದನೇ ಕೃಷ್ಣನ ಕಾಲದಲ್ಲಿ ಬೆಟ್ಟವನ್ನು ಮೇಲಿನಿಂದ ಕೆಳಕ್ಕೆ ಕಡಿದು ತೆಗೆದ ದೇವಸ್ಥಾನ. ಅಲ್ಲಿ ಕಲ್ಲು ತೆಗೆದದ್ದೇ ಕಟ್ಟಿದ್ದು. ಹೆಚ್ಚು ಕಲ್ಲಿದ್ದರೆ ಹೆಚ್ಚು ಒಳ್ಳೆಯದು ಎಂದು ಕಡಿದ ಚೂರುಗಳನ್ನೆಲ್ಲ ಯಾರಾದರೂ ತಂದು ಮತ್ತೆ ಅಂಟಿಸಿದರೆ ಸಿಗುವುದು ಬೆಟ್ಟ, ಕೈಲಾಸವಲ್ಲ.

ಹುಡುಗ ಸುಮ್ಮನಿರುವವನೇ? "ಹಾಗಾದ್ರೆ ಅಜಂತಾದ ಪದ್ಮಪಾಣಿ, ಕಾಕೂ?" ಎಂದ. ನಿಜ. ಪೋಸ್ಟ್‌ಕಾರ್ಡುಗಳಲ್ಲಿ, ಕ್ಯಾಲೆಂಡರುಗಳಲ್ಲಿ ಕಮಲ ಹಿಡಿದ ಆ ಬಾಗಿದ ಮುಖವೊಂದೇ ಕಾಣುತ್ತದೆ. 1ನೇ ಗುಹೆಯೊಳಗೆ ಹೋಗಿ ನೋಡಿದರೆ ಅವನ ಸುತ್ತ ಜನರಿದ್ದಾರೆ, ಬೆಟ್ಟವಿದೆ, ಮಂಗಗಳಿವೆ, ನವಿಲಿದೆ. ಅಷ್ಟು ಗದ್ದಲದ ನಡುವೆ ಅವನು ಕಣ್ಣು ತಗ್ಗಿಸಿದ್ದಾನೆ ಎಂಬುದೇ ಚಿತ್ರದ ಜೀವ. ಇದಕ್ಕೆ ನಾನು ಉತ್ತರ ಹೇಳಿದೆ. ಪದ್ಮಪಾಣಿಯನ್ನು ಕತ್ತರಿಸಿದವರು ಪೋಸ್ಟ್‌ಕಾರ್ಡಿನವರು, ಬರೆದವನಲ್ಲ. ಶೋಲೆಯ ಗೆರೆ ಎಳೆದವರು ದಿವೇಚಾ ತಾವೇ. ಯಾರು ಕತ್ತರಿಸಿದರು ಎಂಬುದನ್ನು ನೋಡಬೇಕಪ್ಪ ಎಂದೆ. ಸ್ವಲ್ಪ ಹೊತ್ತು ಯೋಚಿಸಿ, "ಪಟಲಂ" ಎಂದ. ಮರಾಠಿಯಲ್ಲಿ ಒಪ್ಪಿಕೊಂಡರೆ ಸೋತಂತೆ ಆಗುವುದಿಲ್ಲ ಎಂದು ಕಾಣುತ್ತದೆ.

2025ರ ಡಿಸೆಂಬರ್ 12ರಂದು ಶೋಲೆ ಮತ್ತೆ ಟಾಕೀಸುಗಳಿಗೆ ಬಂತು. ಅದರ ಹಿಂದಿನ ಕೆಲಸದ ಬಗ್ಗೆ ನೀವು ತಿಳಿದಿರಬೇಕು. ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಶನ್, ಅದರ ಸ್ಥಾಪಕ ಶಿವೇಂದ್ರ ಸಿಂಗ್ ಡೂಂಗರಪುರ್, ಸಿಪ್ಪಿ ಫಿಲ್ಮ್ಸ್ ಜೊತೆಗೂಡಿ ವರ್ಷಗಟ್ಟಲೆ ದುಡಿದು ಚಿತ್ರವನ್ನು ಪುನರುಜ್ಜೀವನಗೊಳಿಸಿದರು. ಮೂಲ ನೆಗೆಟಿವ್ ತೀರ ಹಾಳಾಗಿತ್ತು. ಅಸಿಟೇಟ್ ಫಿಲಂ ಹಳತಾದಂತೆ ಕೊಳೆತು ಉಪ್ಪಿನಕಾಯಿ ಭರಣಿಯಂತೆ ಹುಳಿ ವಾಸನೆ ಹೊಡೆಯುತ್ತದೆ, ಸುರುಟಿಕೊಳ್ಳುತ್ತದೆ. ಅದಕ್ಕೆ ವಿನಿಗರ್ ಸಿಂಡ್ರೋಮ್ ಎನ್ನುತ್ತಾರೆ. ಅಷ್ಟು ಹೆಸರಾದ ಚಿತ್ರದ ಒಂದೇ ಒಂದು 70 ಎಂ.ಎಂ. ಪ್ರತಿಯೂ ಉಳಿದಿರಲಿಲ್ಲ! ಬ್ರಿಟನ್ನಿನ ಗೋದಾಮಿನಲ್ಲಿ ಸಿಕ್ಕ ಸುರುಳಿಗಳನ್ನು ಇಟಲಿಯ ಬೊಲೋನ್ಯಾದಲ್ಲಿ ಶುಚಿಗೊಳಿಸಿ, 2025ರ ಜೂನ್ 27ರಂದು ಅಲ್ಲಿನ ಚೌಕದಲ್ಲಿ ಬಯಲಿನ ದೊಡ್ಡ ಪರದೆಯ ಮೇಲೆ ತೋರಿಸಿದರು. 1975ರಲ್ಲಿ ತುರ್ತು ಪರಿಸ್ಥಿತಿಯ ಸೆನ್ಸಾರ್ ಬದಲಿಸಿದ್ದ ಅಂತ್ಯವೂ ಮರಳಿ ಬಂತು. ಗಬ್ಬರನನ್ನು ಪೊಲೀಸರು ಒಯ್ಯುವುದಿಲ್ಲ, ಠಾಕೂರರೇ ಮುಗಿಸುತ್ತಾರೆ. ಚೌಕಟ್ಟು ಯಾವುದಿರಬೇಕು ಎಂಬ ಪ್ರಶ್ನೆ ಅವರಿಗೂ ಬಂತು. ದಿವೇಚಾ ಜೊತೆ ಅಂದು ಕೆಲಸ ಮಾಡಿದ್ದ ಕಮಲಾಕರ ರಾವ್ ಆ ಗಾಜಿನ ಮೇಲಿನ ಗೆರೆಗಳನ್ನು ನೆನಪಿಸಿಕೊಂಡರು. ಚಿತ್ರವನ್ನು 2.20ರ ಅಗಲಕ್ಕೇ ಕೂರಿಸಿದರು.

ನಾನು, ಹುಡುಗ ಇಬ್ಬರೂ ನಾಸಿಕದ ಮಲ್ಟಿಪ್ಲೆಕ್ಸಿನಲ್ಲಿ ನೋಡಿದೆವು. ಅಮ್ಮನಿಗೆ ಅಷ್ಟು ಹೊತ್ತು ಕೂರಲು ಆಗುವುದಿಲ್ಲ. ಬಂಡೆಯ ನೆತ್ತಿ ಇರಲಿಲ್ಲ, ಸೌದೆಯ ದಾರಿಯೂ ಇರಲಿಲ್ಲ. ಇಲ್ಲವೆಂದು ನನಗೆ ಅನಿಸಲೂ ಇಲ್ಲ. ಗಬ್ಬರ್ ಬಂಡೆಯ ಮೇಲೆ ನಡೆದಾಡುವಾಗ ಆ ಅಗಲಕ್ಕೆ ಅವನ ಬೂಟಿನ ಸದ್ದು ತುಂಬಿಕೊಂಡಿತ್ತು. ಮನೆಯ ಟಿವಿಯಲ್ಲಿ ನಾವು ನೋಡಿದ್ದು ಊರು; ಇಲ್ಲಿ ಕಂಡದ್ದು ಸಿನಿಮಾ. ಎರಡೂ ಬೇಕೆನಿಸಿದರೆ ಎರಡನ್ನೂ ಇಟ್ಟುಕೊಳ್ಳಿ, ಆದರೆ ಯಾವುದು ಯಾವುದೆಂದು ತಿಳಿದಿರಲಿ.

ಎಲ್ಲ ಅಗಲ ಚಿತ್ರಕ್ಕೂ ಹೀಗೆ ಗುಪ್ತ ಪಾಲು ಇರುತ್ತದೆಂದು ತಿಳಿಯಬೇಡಿ. ಬೆಂಗಳೂರಿನಲ್ಲಿ ಹುಟ್ಟಿದ ಗುರುದತ್, ಮೈಸೂರಿನ ವಿ.ಕೆ. ಮೂರ್ತಿ ಇಬ್ಬರೂ ಸೇರಿ 1959ರಲ್ಲಿ ಮಾಡಿದ 'ಕಾಗಜ್ ಕೆ ಫೂಲ್' ಭಾರತದ ಮೊದಲ ಸಿನೆಮಾಸ್ಕೋಪ್ ಚಿತ್ರ. ಅದರ ಲೆನ್ಸು ಅಗಲವನ್ನೆಲ್ಲ ಒತ್ತರಿಸಿ ಫಿಲಮ್ಮಿನ ಮೇಲೆ ಕೂರಿಸುತ್ತದೆ, ಪ್ರೊಜೆಕ್ಟರಿನ ಲೆನ್ಸು ಅದನ್ನು ಮತ್ತೆ ಬಿಡಿಸುತ್ತದೆ. ಅಲ್ಲಿ ಮೇಲೆ ಕೆಳಗೆ ಬಚ್ಚಿಟ್ಟದ್ದು ಏನೂ ಇಲ್ಲ. ಕನ್ನಡದ ಮೊದಲ ಸಿನೆಮಾಸ್ಕೋಪ್ ಎಂದು ಹೆಸರಾದ 1977ರ 'ಸೊಸೆ ತಂದ ಸೌಭಾಗ್ಯ'ದ ಸಂಗತಿಯೂ ಅಷ್ಟೆ. ಅಂಥ ಚಿತ್ರ ನಿಮ್ಮ ವಿಸಿಡಿಯಲ್ಲಿ ಪರದೆ ತುಂಬ ಕಂಡರೆ ಎಡಬಲ ಹೋಗಿದೆ ಎಂದೇ ಅರ್ಥ. ಮೂರ್ತಿಯವರಿಗೆ 2008ರ ಸಾಲಿನ ಫಾಲ್ಕೆ ಪ್ರಶಸ್ತಿ ಬಂತು. ಛಾಯಾಗ್ರಾಹಕರೊಬ್ಬರಿಗೆ ಅದು ಸಂದದ್ದು ಅದೇ ಮೊದಲು. ಫಾಲ್ಕೆ ನಮ್ಮೂರಿನವರು, ಪ್ರಶಸ್ತಿ ಪಡೆದವರು ನಮ್ಮ ನಾಡಿನವರು. ಸಂಘದ ಕಾರ್ಯಕ್ರಮದಲ್ಲಿ ಯಾರಾದರೂ ರಸಪ್ರಶ್ನೆ ನಡೆಸುವುದಾದರೆ ಇದನ್ನು ಕೇಳಿ.

ಇನ್ನು ನಮ್ಮ ಹಳೆಯ ಕನ್ನಡ ಚಿತ್ರಗಳಿಗೆ ಆಗುತ್ತಿರುವುದು ಇದಕ್ಕೆ ತಿರುವುಮುರುವು, ನನಗೆ ಹೊಟ್ಟೆ ಉರಿಯುವುದು ಅಲ್ಲಿ. 1.37ಕ್ಕೆ ಒಪ್ಪವಾಗಿ ಕೂರಿಸಿದ ಚಿತ್ರಗಳನ್ನು ಅಗಲ ಟಿವಿಗೆ ತುಂಬಿಸಲು ತಲೆ ಕಾಲು ಕತ್ತರಿಸಿ ಬಿಡುತ್ತಿದ್ದಾರೆ. ಲೆಕ್ಕ ಹಾಕಿದರೆ ಎತ್ತರದಲ್ಲಿ ಐದರಲ್ಲಿ ಒಂದು ಪಾಲಿಗಿಂತ ಹೆಚ್ಚು ಹೋಗುತ್ತದೆ. ನಾಯಕಿಯ ಹಣೆಯ ಕುಂಕುಮಕ್ಕೆ ಕತ್ತರಿ, ನೃತ್ಯದಲ್ಲಿ ಪಾದಕ್ಕೆ ಕತ್ತರಿ. ಗೆಜ್ಜೆಯ ಸದ್ದು ಬರುತ್ತದೆ, ಗೆಜ್ಜೆ ಇಲ್ಲ! ಇಲ್ಲವೇ ಅಗಲಕ್ಕೆ ಎಳೆದು ಎಲ್ಲರನ್ನೂ ಕುಳ್ಳರನ್ನಾಗಿ, ದಪ್ಪಗಿನವರನ್ನಾಗಿ ಮಾಡುತ್ತಾರೆ. ನಿಮ್ಮ ಅಟ್ಟದ ಮೇಲಿನ ಮಸುಕು ಮಸುಕಾದ ವಿಸಿಡಿಯಲ್ಲಿ, 352ಕ್ಕೆ 288 ಚುಕ್ಕೆಗಳಷ್ಟೇ ಇದ್ದರೂ, ಆ ಪಾದಗಳು ಇವೆ. ನಾನು ಪೆಟ್ಟಿಗೆಯನ್ನು ಬಾಗಿಲಿಂದ ಒಳಗೆ ತಂದದ್ದು ಇದಕ್ಕೇ.

ಮನೆಯಲ್ಲಿ ಕೂಡಿಟ್ಟವರಿಂದ ಏನಾಗುತ್ತದೆ ಎಂದು ಕೇಳಬೇಡಿ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ', 1934ರದು, ಇದೇ ಮಹಾರಾಷ್ಟ್ರದ ಕೊಲ್ಲಾಪುರದಲ್ಲಿ ತಯಾರಾದದ್ದು. ಇಂದು ಅದರ ಪ್ರತಿ ಎಲ್ಲೂ ಇಲ್ಲ. ಫಾಲ್ಕೆಯವರು ನಾಸಿಕದಲ್ಲಿ ತೆಗೆದ ಚಿತ್ರಗಳಲ್ಲಿಯೂ ಹೆಚ್ಚಿನವು ಹೋದವು. ಉಳಿದ ಅಷ್ಟಿಷ್ಟು ಉಳಿದದ್ದು ಪಿ.ಕೆ. ನಾಯರ್ ಅವರಿಂದ. 1964ರಲ್ಲಿ ಶುರುವಾದ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕಾಗಿ ಅವರು ನಾಸಿಕಕ್ಕೆ ಬಂದು, ಫಾಲ್ಕೆಯವರ ಮನೆಯವರ ಬಳಿ ಇದ್ದ ಡಬ್ಬಿಗಳಿಂದ ತುಣುಕುಗಳನ್ನು ಆಯ್ದು ಒಯ್ದರು. ಮನೆಯವರು ಅದನ್ನು ರದ್ದಿಗೆ ಹಾಕಿದ್ದರೆ ನಾಯರ್ ಅವರಿಗೆ ಏನು ಸಿಗುತ್ತಿತ್ತು?

ನಿಮ್ಮ ಪೆಟ್ಟಿಗೆ ತೆರೆದಾಗ ಕೆಲವು ಮಾತು ನೆನಪಿಡಿ. ಚಿತ್ರ ಹಾಕುವ ಮೊದಲು ಟಿವಿಯ ಆಕಾರದ ಆಯ್ಕೆಯನ್ನು 4:3ಕ್ಕೆ ಇಡಿ. ಮುಖಗಳು ಹಿಗ್ಗಿದ್ದರೆ ನೀವು ನೋಡುತ್ತಿರುವುದು ಯಾವ ಚೌಕಟ್ಟೂ ಅಲ್ಲ. ಮಳೆಗಾಲದಲ್ಲಿ ಕ್ಯಾಸೆಟ್ಟನ್ನು ಆಡಿಸಬೇಡಿ, ಬೂಷ್ಟು ಹಿಡಿದದ್ದನ್ನಂತೂ ಬೇಡವೇ ಬೇಡ, ಯಂತ್ರವೂ ಹಾಳು, ಟೇಪೂ ಹಾಳು. ಅದೇ ಚಿತ್ರದ ಹೊಸ ಪ್ರತಿಯೊಂದಿಗೆ ಒಂದು ದೃಶ್ಯವನ್ನು ಪಕ್ಕಪಕ್ಕ ಇಟ್ಟು ನೋಡಿ. ಮೇಲೆ ಕೆಳಗೆ ಹೆಚ್ಚಿದೆಯೋ, ಎಡಬಲ ಕಡಿಮೆಯಿದೆಯೋ ಆಗ ತಿಳಿಯುತ್ತದೆ. ಪ್ರತಿ ತೆಗೆದು ಮಾರುವ ಕೆಲಸಕ್ಕೆ ಮಾತ್ರ ಹೋಗಬೇಡಿ, ಅದು ಇನ್ನೊಬ್ಬರ ಸೊತ್ತು. ಹುಡುಗ ನಮ್ಮ ಮನೆಯ ಪೆಟ್ಟಿಗೆಯಲ್ಲಿದ್ದ ಮೂವತ್ತೊಂದು ಡಿಸ್ಕುಗಳ ಪಟ್ಟಿ ಮಾಡಿದ್ದಾನೆ. ಯಾವುದು ಕತ್ತರಿಸಿದ್ದು, ಯಾವುದು ಪೂರ್ಣ, ಯಾವುದು ಓಡುವುದಿಲ್ಲ ಎಂದು ಮೂರು ಬಣ್ಣದ ಪೆನ್ನಿನಲ್ಲಿ.

ಪಟ್ಟಿಯ ಕೊನೆಯಲ್ಲಿ ಒಂದು ವಿಎಚ್‌ಎಸ್ ಕ್ಯಾಸೆಟ್ಟು ಬಾಕಿ ಇದೆ. ಮೇಲೆ ಯಜಮಾನರ ಕೈಬರಹದಲ್ಲಿ 'ಶೋಲೆ, ಟಿವಿ' ಎಂದಷ್ಟೇ ಇದೆ. ಯಾವ ಚೌಕಟ್ಟೋ, ಎಷ್ಟು ಉದ್ದವೋ ಗೊತ್ತಿಲ್ಲ. ನಮ್ಮ ವಿಸಿಆರ್ ಬೆಲ್ಟು ಹರಿದು ಎಷ್ಟೋ ವರ್ಷವಾಯಿತು. ಅಮ್ಮ ವಾರಕ್ಕೊಮ್ಮೆ, "ಆ ಇನ್ನೊಂದನ್ನ ಯಾವಾಗ ಹಾಕ್ತೀರಿ?" ಎಂದು ಕೇಳುತ್ತಿದ್ದಾರೆ. ನಾಸಿಕದಲ್ಲಿ ಹುಡುಗ ವಿಚಾರಿಸಿ ಆಗಿದೆ, ಸಿಕ್ಕಿಲ್ಲ. ಸಂಭಾಜಿನಗರದ ನಿಮ್ಮಲ್ಲಿ ಯಾರ ಮನೆಯ ಅಟ್ಟದ ಮೇಲಾದರೂ ಇನ್ನೂ ನಡೆಯುವ ವಿಸಿಆರ್ ಇದ್ದರೆ ಸಂಘದ ಕಾರ್ಯದರ್ಶಿಯವರಿಗೆ ತಿಳಿಸಿ. ಬಸ್ಸು ಹತ್ತಿ ನಾನೇ ಬರುತ್ತೇನೆ, ಅಮ್ಮನನ್ನೂ ಕರೆದುಕೊಂಡು.